ಖಡಕ್ ರೊಟ್ಟಿಯ ಸದ್ದು

ನನ್ನ ತಂಗಿ ಮಾಲಾ ಟಿವಿಯಲ್ಲಿ ಹೊಸ ಪಾತ್ರದಲ್ಲಿ ಕಾಣಿಸಿಕೊಂಡಾಗಲೆಲ್ಲ ಬೈಲಹೊಂಗಲದ ನಮ್ಮ ಮನೆಯಲ್ಲಿ ಮೊದಲು ಏಳುವ ಪ್ರಶ್ನೆ ಒಂದೇ: ‘ಇದು ಯಾರದು?’

ಕೇಳುವವರು ಸಾಮಾನ್ಯವಾಗಿ ಅಪ್ಪ. ಮಾಲಾ ಈ ಸಲ ಯಾರ ನಡಿಗೆಯನ್ನು, ಯಾರ ಸಿಟ್ಟನ್ನು, ಯಾರ ಕೈಯಾಡಿಸುವ ರೀತಿಯನ್ನು ಎತ್ತಿಕೊಂಡು ಹೋಗಿದ್ದಾಳೆ ಎಂದು ಪತ್ತೆ ಹಚ್ಚುವುದು ನಮ್ಮ ಮನೆಯ ಆಟ. ಅವಳ ಮೊದಲ ಧಾರಾವಾಹಿಯಲ್ಲಿ ಅವಳು ಮನೆಗೆಲಸದವಳು. ಕೊಡ ಹೊತ್ತಾಗ ಒಂದು ಪಕ್ಕಕ್ಕೆ ವಾಲಿ ನಡೆದದ್ದು ನಮ್ಮ ಹಿಂಬದಿ ಮನೆಯ ಬಾಯವ್ವನದು. ಬಾಯವ್ವ ಬೇಸರ ಮಾಡಿಕೊಳ್ಳಲಿಲ್ಲ. ‘ಟಿವ್ಯಾಗ ನಡ್ಯಾಕತ್ತಾಕಿ ನಾನ’ ಎಂದು ಸಂತೆಯಲ್ಲೆಲ್ಲ ಹೇಳಿಕೊಂಡು ಬಂದಳು. ಆಮೇಲಿನ ವಕೀಲೆಯ ಪಾತ್ರ ಕಾಗದವನ್ನು ಓದುವ ಮೊದಲು ಎರಡು ಬೆರಳಿನ ನಡುವೆ ತಿಕ್ಕಿ ನೋಡುತ್ತಿತ್ತು. ಅದು ಅಂಗಡಿಯಲ್ಲಿ ಹತ್ತಿಯ ಎಳೆ ಎಳೆದು ನೋಡುವ ಅಪ್ಪನದು. ಕೀಲಿ ಹಾಕಿ ನಾಲ್ಕು ಹೆಜ್ಜೆ ಹೋದವಳು ತಿರುಗಿ ಬಂದು ಕೀಲಿಯನ್ನು ಜಗ್ಗಿ ನೋಡುವುದು ನನ್ನದು. ಅದನ್ನು ನೋಡಿ ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಿದ್ದಳು. ನನಗೂ ಒಳಗೊಳಗೆ ಖುಷಿಯಾಗಿತ್ತು. ಇಷ್ಟು ಸಣ್ಣ ಭಯವನ್ನೂ ಯಾರೋ ಗಮನಿಸಿ ಜೋಪಾನ ಮಾಡಿದ್ದಾರೆ ಅನ್ನಿಸಿತ್ತು.

ಆದ್ದರಿಂದ ಒಂದು ದಿನ ಮಾಲಾ ಫೋನ್ ಮಾಡಿ, ‘ಅಕ್ಕಾ, ಧಾರಾವಾಹ್ಯಾಗ ನನ್ನ ಗಂಡ ಸಾಯತಾನ. ಶೂಟಿಂಗ್ ನಮ್ಮ ಕಡೇನ ಐತಿ, ಮನೋಳ್ಯಾಗ. ನೀನೂ ಅವ್ವನೂ ಬರ್ರಿ’ ಎಂದಾಗ ನಾನು ‘ಆತು’ ಎಂದು ಫೋನಿಟ್ಟು ಬಹಳ ಹೊತ್ತು ಅಲ್ಲೇ ಕೂತೆ. ನಮ್ಮ ಮನೆಯಲ್ಲಿ ಗಂಡನನ್ನು ಕಳೆದುಕೊಂಡವಳು ನಾನು. ಆ ದಿನ ನಾನು ಮಾಡಿದ ಒಂದು ಕೆಲಸ ಮಾಲಾಳ ಹೊರತು ಇನ್ನಾರಿಗೂ ಗೊತ್ತಿರಲಿಲ್ಲ. ಯಾರದನ್ನೂ ಮರೆಯದವಳು, ಎಲ್ಲವನ್ನೂ ಎಲ್ಲಿಗೋ ಹೊಂದಿಸಿಬಿಡುವವಳು, ಅದನ್ನೂ ತೆಗೆದುಕೊಂಡು ಹೋಗಿ ನಾಡಿನ ಮನೆಮನೆಗೆ ತೋರಿಸಿಬಿಟ್ಟರೆ ಎಂಬ ಹೆದರಿಕೆ ಆಗ ಶುರುವಾದದ್ದು ಮನೋಳಿಗೆ ಹೋಗುವವರೆಗೂ ಬಿಡಲಿಲ್ಲ.

ನನ್ನ ಗಂಡ ಕಲ್ಮೇಶ ಯರಗಟ್ಟಿ ರಸ್ತೆಯಲ್ಲಿ ಬೈಕಿನಿಂದ ಬಿದ್ದು ತೀರಿಕೊಂಡು ಮೂರು ವರ್ಷವಾಗಿದೆ. ಅವರ ಊರು ರಾಮದುರ್ಗ ತಾಲೂಕಿನ ಸಾಲಹಳ್ಳಿ. ಅಲ್ಲಿಗೇ ಒಯ್ದರು. ಮಣ್ಣಿಗೆ ಒಯ್ಯುವ ಮೊದಲು ಅಂಗಳದಲ್ಲಿ ಹೆಂಗಸರು ನನ್ನ ಬಳೆ ಒಡೆದರು. ಗಂಡಸರು ಅವರನ್ನು ಹೊತ್ತು ಹೊಲಕ್ಕೆ ಹೋದರು. ಅವರು ತಿರುಗಿ ಬಂದು ಮೈತೊಳೆದುಕೊಳ್ಳುವವರೆಗೆ ಒಲೆ ಹಚ್ಚುವಂತಿಲ್ಲ. ನಡುಮನೆಯಲ್ಲಿ ಹೆಂಗಸರು ಕೂತಿದ್ದರು. ನಾನು ನೀರು ಕುಡಿಯುವ ನೆಪದಲ್ಲಿ ಅಡುಗೆಮನೆಗೆ ಹೋದೆ. ಹಿಂದಿನ ದಿನ ಮಧ್ಯಾಹ್ನದಿಂದ ನನ್ನ ಹೊಟ್ಟೆಗೆ ಏನೂ ಬಿದ್ದಿರಲಿಲ್ಲ. ಕಟ್ಟೆಯ ಮೇಲೆ ಬುಟ್ಟಿಯಲ್ಲಿ ಖಡಕ್ ರೊಟ್ಟಿ ಪೇರಿಸಿಟ್ಟಿದ್ದರು. ನಾನು ಒಂದು ತೆಗೆದುಕೊಂಡು ಬಾಗಿಲ ಹಿಂದೆ ನಿಂತೆ.

ಖಡಕ್ ರೊಟ್ಟಿ ಕಡಿದರೆ ಆಗುವ ಸದ್ದು ನಮ್ಮ ಕಡೆಯವರಿಗೆಲ್ಲ ಗೊತ್ತು. ಉಳಿದ ದಿನ ಅದು ಯಾರ ಕಿವಿಗೂ ಬೀಳುವುದಿಲ್ಲ. ಅವತ್ತು ಅದು ಮನೆಯೆಲ್ಲ ತುಂಬಿದ ಹಾಗೆ ಕೇಳಿತು. ನಾನು ಕಲ್ಲಾಗಿ ನಿಂತೆ. ನಡುಮನೆಯಲ್ಲಿ ಯಾರೋ ‘ಏನದು’ ಅಂದರು.

ಅದೇ ಹೊತ್ತಿಗೆ ಮಾಲಾ ಬಾಗಿಲಿಗೆ ಬಂದಳು. ನನ್ನನ್ನು ನೋಡಿದಳು, ಕೈಯಲ್ಲಿದ್ದ ರೊಟ್ಟಿಯನ್ನು ನೋಡಿದಳು. ನನಗೆ ಬೆನ್ನು ಮಾಡಿ, ಎರಡೂ ಕೈಯಿಂದ ಚೌಕಟ್ಟು ಹಿಡಿದು, ‘ಮಾಮಾ, ನನ್ನಕ್ಕನ್ನ ಬಿಟ್ಟು ಹೆಂಗ ಹೋದ್ಯೋ’ ಎಂದು ಗಂಟಲು ಹರಿಯುವ ಹಾಗೆ ಅಳತೊಡಗಿದಳು. ನಾನು ಅಗಿದೆ. ನಾನು ನಿಲ್ಲಿಸಿದಾಗ ಅವಳು ಉಸಿರು ತೆಗೆದುಕೊಳ್ಳುತ್ತಿದ್ದಳು. ನಾನು ಮತ್ತೆ ಕಡಿಯುವಾಗ ಮತ್ತೆ ದನಿ ಏರಿಸುತ್ತಿದ್ದಳು. ಬೆನ್ನು ತಿರುಗಿಸಿ ನಿಂತವಳಿಗೆ ಅದು ಹೇಗೆ ತಿಳಿಯುತ್ತಿತ್ತೋ ನನಗೆ ಇಂದಿಗೂ ಗೊತ್ತಿಲ್ಲ. ಒಂದು ರೊಟ್ಟಿ ಪೂರ್ತಿ ಮುಗಿಯುವವರೆಗೆ ಅತ್ತಳು.

‘ನೋಡಬೇ, ಟಿವಿ ಅಳು,’ ಎಂದು ನಡುಮನೆಯಲ್ಲಿ ಒಬ್ಬಾಕೆ ಅಂದದ್ದು ನನಗೆ ಕೇಳಿಸಿತು. ‘ಹೇಣ್ತಿ ಸುಮ್ನ ಅದಾಳ. ನಾದ್ನಿ ಹೊಯ್ಕೊಳ್ಳಾಕತ್ತಾಳ.’

ಯಾರೋ ಫೋನಿನಲ್ಲಿ ಅದನ್ನು ಹಿಡಿದಿದ್ದರು. ಒಂದೇ ವಾರದಲ್ಲಿ ಅದು ಊರೂರು ತಿರುಗಿತು. ಸಾವಿನ ಮನೆಯಲ್ಲೂ ನಟನೆ ಬಿಡದವಳು ಎಂದು ಕೆಳಗೆ ಬರೆದರು. ನಗುವ ಚಿತ್ರ ಹಾಕಿದರು. ಬಾಯವ್ವನೂ ನಮ್ಮ ಕಟ್ಟೆಯ ಮೇಲೆ ಕೂತು, ‘ಅಷ್ಟ ಜೋರ ಅಳಬಾರದಿತ್ತವಾ, ಖರೇ ಅನಸೂದಿಲ್ಲ’ ಎಂದಳು. ಒಬ್ಬ ನಿರ್ಮಾಪಕ ಒಪ್ಪಿಕೊಂಡಿದ್ದ ಪಾತ್ರವನ್ನು ಬೇರೆಯವರಿಗೆ ಕೊಟ್ಟ. ಮಾಲಾ ಯಾರಿಗೂ ಒಂದು ಮಾತು ಉತ್ತರ ಕೊಡಲಿಲ್ಲ. ನನ್ನ ಹತ್ತಿರವೂ ಆ ವಿಷಯ ಎತ್ತಲಿಲ್ಲ. ಎತ್ತಿದ್ದರೆ ನಾನು ತಲೆ ಎತ್ತುತ್ತಿರಲಿಲ್ಲ ಎಂದು ಅವಳಿಗೆ ಗೊತ್ತಿತ್ತು.

ಅವಳು ಅಂಥವಳು ಎಂದು ಹೇಳಿದರೆ ನಂಬುವವರು ಕಡಿಮೆ. ಟಿವಿಯವರೆಂದರೆ ಜನರಿಗೆ ಬಣ್ಣ, ಕಾರು, ಬಾಯಿ ಮಾಡುವುದು ಇಷ್ಟೇ. ಮಾಲಾ ಬಿ.ಎ. ಮುಗಿಸಿ, ಹುಬ್ಬಳ್ಳಿಯಲ್ಲಿ ನಟರ ಆಯ್ಕೆಗೆ ನಿಂತು, ಬೆಂಗಳೂರಿಗೆ ಹೋದ ಕಾಲಕ್ಕೆ ನಮ್ಮ ಕಡೆಯ ಮಾತಾಡುವವರಿಗೆ ಧಾರಾವಾಹಿಗಳಲ್ಲಿ ಇದ್ದದ್ದು ಎರಡೇ ಕೆಲಸ: ಪಾತ್ರೆ ತೊಳೆಯುವುದು, ಜನರನ್ನು ನಗಿಸುವುದು. ಅವಳು ಎರಡನ್ನೂ ಮಾಡಿದಳು. ಒಂದು ಸಲ ನಿರ್ದೇಶಕರು ‘ಯವ್ವಾ’ ಅನ್ನುವುದನ್ನು ಉದ್ದ ಎಳೆದು ಹೇಳಿ, ಜನ ನಗಬೇಕು ಎಂದರಂತೆ. ‘ನಮ್ಮವ್ವ ಹೆದರಿದಾಗ ಹಂಗ ಅಂತಾಳ್ರಿ. ನಾನೂ ಹೆದರಿಕೊಂಡ ಅಂತೇನಿ, ನಗೋರು ನಗಲಿ’ ಎಂದು ಮಾಲಾ ಹಾಗೆಯೇ ಮಾಡಿದಳು. ಯಾರೂ ನಗಲಿಲ್ಲ. ಆ ಮನೆಗೆಲಸದವಳ ಪಾತ್ರ ವಾರಕ್ಕೆ ಮುಗಿಯಬೇಕಾದದ್ದು ವರ್ಷ ನಡೆಯಿತು.

ಧಾರಾವಾಹಿಗಳಲ್ಲಿ ಕ್ಯಾಮೆರಾದ ಹಿಂದೆ ಒಬ್ಬರು ಕೂತು ಸಂಭಾಷಣೆ ಓದುತ್ತ ಹೋಗುತ್ತಾರೆ, ನಟರು ಅದನ್ನು ಕೇಳಿ ಹೇಳುತ್ತಾರೆ. ದಿನಕ್ಕೆ ಅಷ್ಟೊಂದು ದೃಶ್ಯ ಮುಗಿಸಬೇಕಾದಾಗ ಅದರಲ್ಲಿ ತಪ್ಪೇನಿಲ್ಲ ಎಂದು ಮಾಲಾಳೇ ಹೇಳುತ್ತಾಳೆ. ಅವಳು ಮಾತ್ರ ಮೇಕಪ್ಪಿಗೆ ಕೂತಾಗಲೇ ಪುಟ ತರಿಸಿಕೊಂಡು ಬಾಯಿಪಾಠ ಮಾಡುತ್ತಾಳೆ. ಇನ್ನೊಬ್ಬರ ದನಿ ಕಿವಿಯಲ್ಲಿ ಇದ್ದರೆ ಎದುರಿನವರ ಮಾತು ಕೇಳುವುದಿಲ್ಲವಂತೆ. ಕೇಳದೆ ಉತ್ತರ ಕೊಡುವುದು ಹೇಗೆ ಅನ್ನುತ್ತಾಳೆ. ಈಗ ಅವಳು ಮಾಡುತ್ತಿರುವುದು ಸುಭದ್ರಾ ಎಂಬ ದೊಡ್ಡ ಸೊಸೆಯ ಪಾತ್ರ. ಕಥೆಯ ನಾಯಕಿ ಬೇರೆ. ಆದರೆ ಜನ ಕಾಯುವುದು ಸುಭದ್ರಾಳಿಗೆ.

ನಾನೂ ಅವ್ವನೂ ಯರಗಟ್ಟಿಯಲ್ಲಿ ಬಸ್ಸು ಬದಲಿಸಿ ಮನೋಳಿಗೆ ಹೋದೆವು. ನಮ್ಮವ್ವ ತಂಗೆವ್ವ ಊಟದ ಗಂಟಿಲ್ಲದೆ ಮಗಳ ಮುಖ ನೋಡುವವಳಲ್ಲ. ಸಜ್ಜಿ ರೊಟ್ಟಿ, ಶೇಂಗಾ ಚಟ್ನಿ, ಗೋದಿ-ಬೆಲ್ಲದ ಮಾದಲಿ ಎಲ್ಲ ಅವಳ ತೊಡೆಯ ಮೇಲಿತ್ತು. ಮಲಪ್ರಭೆಯ ದಂಡೆಗೆ ಹತ್ತಿರದ ಒಂದು ಹಳೆಯ ವಾಡೆಯಲ್ಲಿ ಶೂಟಿಂಗ್. ಅಂಗಳದ ತುಂಬ ವೈರು, ದೀಪದ ಕಂಬ. ಜನಸಂದಣಿಯ ದೃಶ್ಯಕ್ಕೆಂದು ಊರಿನ ಹೆಂಗಸರನ್ನು ಕರೆಸಿದ್ದರು. ಅವರು ಒಳ್ಳೊಳ್ಳೆ ಇಲಕಲ್ ಸೀರೆ ಉಟ್ಟು, ಹೂ ಮುಡಿದು, ಕೈ ತುಂಬ ಬಳೆ ಇಟ್ಟುಕೊಂಡು ಬಂದು ಮಾಲಾಳನ್ನು ಸುತ್ತಿಕೊಂಡಿದ್ದರು.

‘ಸುಭದ್ರವ್ವಾ, ನಿಮ್ಮ ಅತ್ತಿಗೆ ಒಂದ ಸಲ ಚಲೋತ್ನಂಗ ಬುದ್ಧಿ ಕಲಸ್ರಿ.’

‘ಹೆಂಗ ಕಲಸಲ್ರಿ,’ ಮಾಲಾ ಅಂದಳು. ‘ಆಕಿ ಪಗಾರ ನನಗಿಂತ ಹೆಚ್ಚೈತಿ.’

‘ಅಯ್ಯ, ಅತ್ತಿ ಆದ ಮ್ಯಾಲ ಹೆಚ್ಚ ಇರೂದ.’

ನಾನು ಪಡಸಾಲೆಯ ಒಂದು ಕಂಬಕ್ಕೆ ಒರಗಿ ಕೂತೆ. ಮಾಲಾ ಒಂದು ಸಲ ಬಂದು ಅವ್ವನ ಕೈಯಿಂದ ಮಾದಲಿ ತಿಂದು, ನನ್ನ ಭುಜ ಒತ್ತಿ ಹೋದಳು. ಅವಳ ಕೈಯಲ್ಲಿ ಮೊಣಕೈವರೆಗೆ ಹಸಿರು ಗಾಜಿನ ಬಳೆ.

ಬಳೆ ಒಡೆಯುವ ದೃಶ್ಯ ಮಧ್ಯಾಹ್ನಕ್ಕಿತ್ತು. ನಿರ್ದೇಶಕ ಮಹಾದೇವ ಮೈಸೂರು ಕಡೆಯವರು, ಇನ್ನೂ ಚಿಕ್ಕ ವಯಸ್ಸು, ಒಳ್ಳೆಯ ಮನುಷ್ಯ. ಹೆಂಗಸರಲ್ಲಿ ಹಿರಿಯಳಾದ ಶಟ್ಟೆವ್ವ ಎಂಬಾಕೆಯನ್ನು ಮುಂದೆ ಕರೆದು, ‘ಅಜ್ಜಿ, ಈ ಕಲ್ಲಿನ ಮೇಲೆ ಅವರ ಕೈ ಇಟ್ಟು ಬಳೆ ಒಡೀಬೇಕು. ಅಷ್ಟೇ’ ಎಂದರು.

‘ಯಾರ ಬಳಿ?’

‘ಅವರದೇ, ಮಾಲಾ ಮೇಡಮ್ಮಂದು.’

‘ಆಕಿ ಗಂಡ ಅದಾನಲ್ರಿ.’

‘ಗಂಡ ತೀರಿಹೋದ್ರಲ್ಲ ಅಜ್ಜಿ. ಬೆಳಗ್ಗೆ ತಾನೆ ಶೂಟ್ ಮಾಡಿದ್ವಿ.’

‘ಆ ಗಂಡ ಅಲ್ಲಪಾ. ಆಂವ ಅಲ್ಲಿ ಕುರ್ಚೆ ಮ್ಯಾಲ ಕುಂತ ಚಾ ಕುಡ್ಯಾಕತ್ತಾನ. ಖರೇ ಗಂಡ. ಬೆಂಗಳೂರಾಗ ಅದಾನಂತಲ್ಲ.’

ಮಾಲಾಳ ಗಂಡ ಸಚಿನ ಬೆಂಗಳೂರಿನಲ್ಲಿ ಸಂಕಲನದ ಕೆಲಸ ಮಾಡುತ್ತಾರೆ. ಬೆಳಿಗ್ಗೆ ಈ ಹೆಂಗಸರು ಅವಳಿಂದ ಕೇಳಿ ತಿಳಿದುಕೊಂಡ ಮೊದಲ ವಿಷಯವೇ ಅದು.

‘ಇದು ಆಟ ಅಜ್ಜಿ,’ ಎಂದರು ಮಹಾದೇವ.

‘ಆಟ ಅನ್ನೂದು ನಿನಗ ಗೊತ್ತು, ನನಗ ಗೊತ್ತು. ಬಳಿಗೇನ ಗೊತ್ತಪಾ?’

ಉಳಿದ ಹೆಂಗಸರೂ ಹಿಂದೆ ಸರಿದರು. ಒಬ್ಬಳು ಕೈಗಳನ್ನು ಸೆರಗಿನೊಳಗೆ ಎಳೆದುಕೊಂಡಳು. ಮಹಾದೇವ ತಲೆ ಕೆರೆದುಕೊಂಡು, ‘ಹಾಗಾದ್ರೆ ಯಾರು ಒಡೀತಾರೆ ಇಲ್ಲಿ?’ ಎಂದು ಕೇಳಿದರು.

‘ಗಂಡ ಇಲ್ಲದಾಕಿ ಒಡೀತಾಳ. ನಾವೆಲ್ಲಾ ಮುತ್ತೈದೇರು. ನಿಮ್ಮ ಪರಶುನ ಬಂದು, ಒಳ್ಳೆ ಸೀರಿ ಉಟಗೊಂಡು ಮುತ್ತೈದೇರಷ್ಟ ಬರ್ರಿ ಅಂತ ಕರದಾನ. ಕೇಳ್ರಿ ಬೇಕಾದ್ರ.’

ಸಹಾಯಕ ನಿರ್ದೇಶಕ ಪರಶು ನೆಲ ನೋಡಿದ. ಚಿತ್ರದಲ್ಲಿ ಚೆನ್ನಾಗಿ ಕಾಣಲಿ ಎಂದು ಕರೆದಿದ್ದ, ಪಾಪ. ಶಟ್ಟೆವ್ವನ ಮಾತು ಮುಗಿದ ಮೇಲೆ ಒಬ್ಬೊಬ್ಬರಾಗಿ ನನ್ನ ಕಡೆ ನೋಡತೊಡಗಿದರು. ಅಲ್ಲಿ ಬಳೆಯಿಲ್ಲದ ಕೈಯಲ್ಲಿ ಕೂತಿದ್ದವಳು ನಾನೊಬ್ಬಳೇ. ಅವ್ವ ತನ್ನ ಸೆರಗನ್ನು ನನ್ನ ಕೈ ಮೇಲೆ ಹಾಕಿದಳು.

‘ಬಳಿ ಒಡ್ಯೂದು ಬ್ಯಾಡ್ರಿ ಸರ್,’ ಎಂದಳು ಮಾಲಾ. ದನಿ ಏರಿಸಲಿಲ್ಲ. ಆದರೆ ಅದು ಕೇಳಿಕೊಳ್ಳುವ ದನಿಯಾಗಿರಲಿಲ್ಲ. ‘ಅದನ್ನ ಬಿಟ್ಟ ಮುಂದಿಂದ ಮಾಡೂಣು.’

‘ಅದನ್ನ ಬಿಟ್ರೆ ನನ್ ಹತ್ರ ಏನುಳಿಯುತ್ತೆ ಮೇಡಂ? ಅಳೋದು ಎಲ್ರೂ ಅಳ್ತಾರೆ. ಜನ ಚಾನೆಲ್ ಬದಲಾಯಿಸ್ತಾರೆ. ನಾಳೆ ಮಧ್ಯಾಹ್ನಕ್ಕೆ ಈ ಮನೆ ಬಿಟ್ಟುಕೊಡಬೇಕು.’ ಅವರು ಅಡುಗೆಮನೆಯ ಕಡೆ ಕೈ ತೋರಿಸಿದರು. ‘ಆಮೇಲೆ ಸುಭದ್ರಾ ಒಬ್ಬಳೇ ಒಳಗೆ ಹೋಗ್ತಾಳೆ ಅಂತ ಬರೆದಿದ್ದಾರೆ. ಹೋಗಿ ಏನ್ ಮಾಡ್ತಾಳೆ? ಬರೆದಿಲ್ಲ. ನೀವೇ ಹೇಳಿ. ಯಾರೂ ನೋಡಿರದ ಹಾಗೆ ಏನಾದ್ರೂ ಕೊಡಿ.’

ಮಾಲಾ ಅಡುಗೆಮನೆಯೊಳಗೆ ಹೋದಳು. ನಾನು ಎದ್ದು ಕಿಟಕಿಯ ಪಕ್ಕಕ್ಕೆ ಬಂದೆ. ಒಳಗೆ ವಾಡೆಯವರದೇ ಸಾಮಾನುಗಳನ್ನು ಹೊಂದಿಸಿಟ್ಟಿದ್ದರು. ಒಲೆ, ತಾಮ್ರದ ಕೊಡ, ಸಾಲಾಗಿ ಹಿತ್ತಾಳೆ ಡಬ್ಬಿ. ಕಟ್ಟೆಯ ಮೇಲೆ ಬುಟ್ಟಿ. ಬುಟ್ಟಿಯ ತುಂಬ ಖಡಕ್ ರೊಟ್ಟಿ.

ಅವಳು ಬುಟ್ಟಿಯ ಮುಂದೆ ನಿಂತಳು. ಅವಳ ಬೆರಳು ಮೇಲಿನ ರೊಟ್ಟಿಯ ಅಂಚನ್ನು ಮುಟ್ಟಿತು. ಅವಳು ಬಾಗಿಲನ್ನು ನೋಡಿದಳು, ಬಾಗಿಲ ಹಿಂದಿನ ಜಾಗವನ್ನು ನೋಡಿದಳು. ಅಲ್ಲಿ ನಿಂತರೆ ಬೆಳಕು ಎಲ್ಲಿಂದ ಬೀಳುತ್ತದೆ ಎಂಬುದನ್ನೂ ಅವಳ ಕಣ್ಣು ಅಳೆಯಿತು. ಅದು ಅವಳ ಕೈಮೀರಿದ್ದು, ಹೊಲಿಯುವವರು ಬಟ್ಟೆ ಕಂಡಾಗ ಕಣ್ಣಲ್ಲೇ ಅಳತೆ ಹಾಕುವ ಹಾಗೆ. ಎಲ್ಲವೂ ಅಲ್ಲಿಯೇ ಇತ್ತು. ಆಮೇಲೆ ಅವಳು ತಲೆ ಎತ್ತಿದಳು. ಕಿಟಕಿಯಲ್ಲಿ ನಾನಿದ್ದೆ.

‘ಪರಶು,’ ಎಂದಳು. ‘ಈ ರೊಟ್ಟಿ ಬುಟ್ಟಿ ಹೊರಗ ಇಡಪಾ. ಇದು ಕಾಣೂದು ಬ್ಯಾಡ.’

ದೃಶ್ಯ ತೆಗೆದರು. ಸುಭದ್ರಾ ಒಳಗೆ ಬಂದು, ತೊಳೆದಿಟ್ಟ ತಾಟನ್ನೇ ಮತ್ತೆ ತೊಳೆಯುತ್ತ ಕೂತಳು. ಕಣ್ಣೀರು ತಾಟಿನೊಳಗೆ ಬಿತ್ತು. ಹೆಂಗಸರು ಮೂಗು ಒರೆಸಿಕೊಂಡರು, ಶಟ್ಟೆವ್ವ ‘ಅಯ್ಯ ಶಿವನ’ ಅಂದಳು. ಮಹಾದೇವ ಪುಟ್ಟ ಪರದೆಯ ಮೇಲೆ ಮತ್ತೊಮ್ಮೆ ನೋಡಿ, ‘ಚೆನ್ನಾಗಿದೆ ಮೇಡಂ’ ಎಂದರು. ಸ್ವಲ್ಪ ತಡೆದು, ‘ಎಲ್ಲೋ ನೋಡಿದ ಹಾಗಿದೆ, ಅಷ್ಟೇ. ಬೆಳಗ್ಗೆ ಟೈಮ್ ಸಿಕ್ಕರೆ ಇನ್ನೊಂದ್ಸಲ ಯೋಚಿಸೋಣ’ ಎಂದರು.

ಇದು ಯಾರದು ಎಂದು ನಾನು ಮನಸ್ಸಿನಲ್ಲೇ ಕೇಳಿಕೊಂಡೆ. ಯಾರದೂ ಅಲ್ಲ. ಯಾರದೂ ಅಲ್ಲದ್ದನ್ನು ನನ್ನ ತಂಗಿ ಮಾಡಿದ್ದನ್ನು ನಾನು ಮೊದಲ ಸಲ ನೋಡಿದೆ. ಬಚಾವಾದೆ ಎಂಬ ನೆಮ್ಮದಿ ಬರಬೇಕಿತ್ತು. ಬಂತು, ಆದರೆ ನಿಲ್ಲಲಿಲ್ಲ.

ಸಂಜೆ ನಾವಿಬ್ಬರೂ ಹೊಳೆಯ ಮೆಟ್ಟಿಲ ಮೇಲೆ ಕೂತೆವು. ಅವಳು ಮುಖದ ಬಣ್ಣ ತೆಗೆದಿದ್ದಳು. ಬಳೆ ಹಾಗೇ ಇದ್ದವು.

‘ಯಾಕ ಮಾಡಲಿಲ್ಲ?’ ಎಂದು ಕೇಳಿದೆ.

‘ಏನ?’

‘ಗೊತ್ತೈತಿ ನಿನಗ.’

ಅವಳು ನೀರಿನ ಕಡೆ ನೋಡಿದಳು. ‘ಅದು ನಿಂದಕ್ಕಾ.’

‘ಬಾಯವ್ವನ ನಡಿಗಿ ಬಾಯವ್ವನ್ನ ಕೇಳಿ ತಗೊಂಡಿದ್ದೇನ?’

‘ಬಾಯವ್ವ ಊರ ಮುಂದ ನಡೀತಾಳ. ನೀ ಬಾಗಲಾ ಹಿಂದ ತಿಂದಿದ್ದಿ.’

ಮಾತನ್ನು ತೂಗಿ ಆಡುವ ಅಭ್ಯಾಸ ನನ್ನದು ಎಂದು ನಾನು ಕಲಿಸುವ ಸಾಲೆಯ ಮಕ್ಕಳು ಹೇಳುತ್ತಾರೆ. ಅವಳು ತೂಗದೆಯೇ ಸರಿಯಾದದ್ದನ್ನು ಹೇಳುತ್ತಾಳೆ. ನಾನು ಆ ದಿನವನ್ನು ಮತ್ತೆ ನೆನೆದೆ. ಮೂರು ವರ್ಷ ನಾನು ನೆನೆದದ್ದು ಬಾಗಿಲ ಹಿಂದೆ ನಿಂತವಳನ್ನು ಮಾತ್ರ. ಬಾಗಿಲಲ್ಲಿ ಬೆನ್ನು ಮಾಡಿ ನಿಂತವಳು ನೆನಪಾಗುತ್ತಿದ್ದದ್ದು ನನ್ನನ್ನು ಕಂಡವಳಾಗಿ, ನನ್ನ ಗುಟ್ಟು ಬಲ್ಲವಳಾಗಿ. ಆ ಗುಟ್ಟಿನಲ್ಲಿ ಅವಳದೂ ಒಂದು ಪಾಲಿದೆ, ಅದನ್ನು ನಾನು ಬಚ್ಚಿಟ್ಟಷ್ಟು ದಿನ ಜನ ಅವಳನ್ನು ನೋಡಿ ನಗುತ್ತಾರೆ ಎಂಬುದು ಹೊಳೆದದ್ದು ಅಲ್ಲಿ, ಮನೋಳಿಯ ಮೆಟ್ಟಿಲ ಮೇಲೆ.

‘ಅದರಾಗ ಅರ್ಧಾ ನಿಂದೈತಿ,’ ಎಂದೆ.

‘ನಂದೇನೈತಿ?’

‘ಅಳು.’

ಅವಳು ನಕ್ಕಳು. ‘ಅದನ್ನ ಎಲ್ಲಾರೂ ನೋಡ್ಯಾರ ಬಿಡು. ಫೋನಿನ್ಯಾಗ.’

‘ಅಳೂದ ನೋಡ್ಯಾರ. ಯಾಕ ಅತ್ತಿ ಅನ್ನೂದ ನೋಡಿಲ್ಲ.’ ನನ್ನ ದನಿ ನನಗೇ ಸಣ್ಣದಾಗಿ ಕೇಳಿತು. ‘ಮಾಡು, ಮಾಲಾ.’

‘ಅವ್ವಗ ತಿಳೀತೈತಿ. ಸಾಲಹಳ್ಳ್ಯಾಗ ನಿಮ್ಮ ಅತ್ತಿ ನೋಡತಾಳ.’

‘ಗೊತ್ತೈತಿ.’

‘ಈಗ ಧೈರ್ಯಾ ಬಂದಿರತೈತಿ, ರಾತ್ರಿ ಮಕ್ಕೊಂಡ ಮ್ಯಾಲ ಹೋಗತೈತಿ. ನೀ ಕೀಲಿ ಹಾಕಿ ತಿರುಗಿ ಬಂದ ಜಗ್ಗಾಕಿ.’ ಅವಳು ನನ್ನ ಕೈ ಹಿಡಿದಳು. ಅವಳ ಬಳೆ ನನ್ನ ಮಣಿಕಟ್ಟಿಗೆ ತಾಗಿದವು. ‘ಮುಂಜಾನೆ ಕೇಳತೇನಿ. ಮುಂಜಾನೆ ಬ್ಯಾಡ ಅಂದ್ರ ಬ್ಯಾಡ. ತಾಟ ತೊಳದದ್ದ ಇರಲಿ.’

ಅವಳು ಹೇಳಿದ ಹಾಗೆಯೇ ಆಯಿತು. ಧೈರ್ಯ ಹೋಯಿತು, ಬಂತು, ಮತ್ತೆ ಹೋಯಿತು. ಬೆಳಿಗ್ಗೆ ಅವ್ವ ಉಪ್ಪಿಟ್ಟು ಕೊಟ್ಟರೆ ಮಾಲಾ ಬೇಡ ಎಂದಳು.

‘ರಾತ್ರೀನೂ ಉಂಡಿಲ್ಲ ಇಕಿ,’ ಎಂದು ಅವ್ವ ನನಗೆ ದೂರು ಹೇಳಿದಳು. ‘ಏನ ಬಂದೈತೋ.’

ನನಗೆ ಅರ್ಥವಾಯಿತು. ನಾನು ಬೇಡ ಎನ್ನಬಹುದು ಎಂದು ಗೊತ್ತಿದ್ದೂ ಅವಳು ಹಸಿದುಕೊಂಡು ಕಾಯುತ್ತಿದ್ದಳು. ಬಾಗಿಲ ಹತ್ತಿರ ನಿಂತು ನನ್ನ ಕಡೆ ನೋಡಿದಳು. ನಾನು ತಲೆಯಾಡಿಸಿದೆ.

‘ಸರ್,’ ಎಂದಳು ಮಾಲಾ ಮಹಾದೇವರಿಗೆ. ‘ಆ ಬುಟ್ಟಿ ತರಸ್ರಿ.’

ಸುಭದ್ರಾಳ ತಂಗಿಯ ಪಾತ್ರಕ್ಕೆ ದಾವಣಗೆರೆಯ ಒಬ್ಬ ಹೊಸ ಹುಡುಗಿ ಇದ್ದಳು. ಮಾಲಾ ಅವಳನ್ನು ಬಾಗಿಲ ಚೌಕಟ್ಟಿನಲ್ಲಿ ನಿಲ್ಲಿಸಿ, ಕೈ ಎಲ್ಲಿ ಹಿಡಿಯಬೇಕು ಎಂದು ತೋರಿಸಿದಳು. ‘ಜೋರ ಅಳು. ಸುಳ್ಳು ಅನಸಬೇಕು. ಹೊರಗಿನವರು ನಾಟಕಾ ಮಾಡಾಕತ್ತಾಳ ಅನ್ನಬೇಕು. ಹಂಗಂದ್ರ ನೀ ಸರಿ ಮಾಡಿದಿ ಅಂತ ತಿಳ್ಕೊ.’

‘ಎಲ್ರೂ ನಿಜ ಅನ್ನಿಸ್ಬೇಕು ಅಂತಾರಲ್ಲಕ್ಕ?’

‘ನಿನ್ನ ಕಿವಿ ಹಿಂದ ಇರಲಿ. ಅಕ್ಕ ಅಗಿಯೂದ ಕೇಳು. ಅಷ್ಟ ನಿನ್ನ ಕೆಲಸ.’ ಆಮೇಲೆ ಪರಶುನ ಕಡೆ ತಿರುಗಿ, ‘ಇವತ್ತ ನೀ ಏನೂ ಹೇಳಿಕೊಡಬ್ಯಾಡಪಾ’ ಎಂದಳು. ಧ್ವನಿ ಹಿಡಿಯುವವರಿಗೆ, ಏನೇ ಬದಲಿಸಿದರೂ ರೊಟ್ಟಿಯ ಸದ್ದನ್ನು ಮಾತ್ರ ಬದಲಿಸಬಾರದು ಎಂದು ಮಾತು ತೆಗೆದುಕೊಂಡಳು.

ನಾನೂ ಅವ್ವನೂ ಕಿಟಕಿಯಲ್ಲಿ ನಿಂತು ನೋಡಿದೆವು. ಸುಭದ್ರಾ ಒಳಗೆ ಬಂದಳು. ಬುಟ್ಟಿ ಕಂಡಳು. ಅತ್ತಿತ್ತ ನೋಡಿ ರೊಟ್ಟಿ ತೆಗೆದುಕೊಂಡು ಬಾಗಿಲ ಹಿಂದೆ ಸರಿದಳು. ಕಡಿದಳು. ಆ ಸದ್ದು ನಿಶ್ಶಬ್ದವಾಗಿದ್ದ ಇಡೀ ವಾಡೆಗೆ ಕೇಳಿತು. ಅವಳ ದವಡೆ ನಿಂತಿತು, ಕಣ್ಣು ಬಾಗಿಲಿಗೆ ಹೋಯಿತು. ಹುಡುಗಿ ಬಂದು, ನೋಡಿ, ಬೆನ್ನು ತಿರುಗಿಸಿ ಅಳತೊಡಗಿದಳು. ಆ ಅಳುವಿನ ಕೆಳಗೆ ಸುಭದ್ರಾ ಅಗಿದಳು. ಅಳು ಉಸಿರಿಗೆ ನಿಂತಾಗ ಅವಳೂ ಬಾಯಿ ತುಂಬಿಕೊಂಡು ನಿಂತಳು, ಗಲ್ಲ ಉಬ್ಬಿತ್ತು, ಕಣ್ಣಲ್ಲಿ ನೀರಿರಲಿಲ್ಲ. ಅವಳು ಅಳಲೇ ಇಲ್ಲ. ಸೀರೆಯ ಮೇಲೆ ಬಿದ್ದ ಚೂರನ್ನು ಬೆರಳಿಗೆ ಅಂಟಿಸಿಕೊಂಡು ಅದನ್ನೂ ತಿಂದಳು. ಅದನ್ನು ನಾನು ಮಾಡಿದ್ದೆನೋ ಇಲ್ಲವೋ ನನಗೆ ನೆನಪಿಲ್ಲ. ಮಾಡಿರಬೇಕು ಅನ್ನಿಸಿತು.

ನನಗೂ ಅಳು ಬರಲಿಲ್ಲ. ಬಾಯಲ್ಲಿ ನೀರು ಬಂತು.

ಮಹಾದೇವ ‘ಕಟ್’ ಎನ್ನುವುದನ್ನು ಮರೆತರು. ಮಾಲಾ ಎರಡನೇ ರೊಟ್ಟಿಗೆ ಕೈ ಹಾಕಿ, ‘ಸರ್, ಸಾಕ ಅಂದ್ರ ಹೇಳ್ರಿ, ಇಲ್ಲಂದ್ರ ನಾ ಚಟ್ನಿ ತರಸತೇನಿ’ ಎಂದಾಗ ಎಲ್ಲರೂ ನಕ್ಕರು. ಅವ್ವ ನಗಲಿಲ್ಲ. ಕಿಟಕಿಯ ಸರಳು ಹಿಡಿದುಕೊಂಡು, ನನ್ನನ್ನು ನೋಡದೆ ಕೇಳಿದಳು:

‘ಹಸಿವಿ ಆಗಿತ್ತೇನ ಮೀನಾ, ಅವತ್ತ?’

‘ಹೂಂ.’

‘ನನಗ ಹೇಳಬೇಕಿಲ್ಲೇನ,’ ಎಂದಳು. ಅಷ್ಟೇ.

ಆ ಕಂತು ಬಂದ ದಿನ ಸಂಜೆ ಬೈಲಹೊಂಗಲದ ನಮ್ಮ ನಡುಮನೆ ತುಂಬಿತ್ತು. ಸುಭದ್ರಾಳ ಗಂಡ ಸತ್ತ ದುಃಖ ಓಣಿಗೆಲ್ಲ ಸೇರಿದ್ದು. ಬಾಯವ್ವ ಎಂದಿನಂತೆ ಟಿವಿಯ ಮುಂದೆಯೇ, ಮಂಡಿ ಮೇಲೆ ಕೈಯಿಟ್ಟುಕೊಂಡು ಕೂತಿದ್ದಳು. ನಾನು ಬಾಗಿಲ ಹತ್ತಿರ ನಿಂತಿದ್ದೆ. ಎದ್ದು ಹೋಗಲು ಅನುಕೂಲವಾಗಲಿ ಎಂದು.

ರೊಟ್ಟಿ ಕಡಿದ ಸದ್ದು ಬಂತು. ಬದಲಿಸಿರಲಿಲ್ಲ. ದೃಶ್ಯ ಮುಗಿದು ಸೋಪಿನ ಜಾಹೀರಾತು ಶುರುವಾದ ಮೇಲೆ ಎದುರು ಮನೆಯ ಸೊಸೆ, ‘ಇದೇನವಾ,’ ಎಂದಳು. ‘ಗಂಡನ ಹೆಣಾ ಹೋದ ಕೂಡ್ಲೆ ಯಾರರ ಹಿಂಗ ತಿಂತಾರೇನ? ಟಿವಿಯವರಿಗೆ ನಾಚಿಕಿಲ್ಲ.’

ಅಪ್ಪನಿಗೆ ಏನೂ ಗೊತ್ತಿರಲಿಲ್ಲ. ಅವ್ವ ಹೇಳಿರಲಿಲ್ಲ. ಅಭ್ಯಾಸದಂತೆ ಕುರ್ಚಿಯಲ್ಲಿ ಮುಂದೆ ಬಾಗಿ ಕೇಳಿದರು: ‘ಇದು ಯಾರದ?’

ನಾನು ಮನೋಳಿಯಿಂದ ಬಂದಾಗಿನಿಂದ ಈ ಪ್ರಶ್ನೆಗೆ ಕಾದಿದ್ದೆ. ಹೇಳಬೇಕಾದ ಮಾತನ್ನು ಹತ್ತು ಥರ ಜೋಡಿಸಿ ಇಟ್ಟುಕೊಂಡಿದ್ದೆ. ಬಾಯಿ ತೆರೆದೆ. ಒಂದೂ ಬರಲಿಲ್ಲ.

‘ನಂದು,’ ಎಂದಳು ಬಾಯವ್ವ.

ಎಲ್ಲರೂ ಅವಳ ಕಡೆ ತಿರುಗಿದರು. ಬಾಯವ್ವನ ಗಂಡ ಮುತ್ತಪ್ಪ ತೀರಿಕೊಂಡಾಗ ನಾನಿನ್ನೂ ಹುಟ್ಟಿರಲಿಲ್ಲ.

‘ನಂದು,’ ಎಂದಳು ಮತ್ತೆ, ಟಿವಿಯಿಂದ ಕಣ್ಣು ತೆಗೆಯದೆ. ‘ರೊಟ್ಟಿ ಅಲ್ಲ. ನಾ ಬೆಲ್ಲಾ ತಿಂದಿದ್ನಿ. ಬಗಲಾಗ ಕೂಸಿತ್ತು, ಹಾಲ ಕುಡ್ಯಾಕ ಅಳಾಕತ್ತಿತ್ತು. ಹೊಟ್ಟ್ಯಾಗ ಏನೂ ಇಲ್ಲ, ಹಾಲ ಎಲ್ಲಿಂದ ಬರಬೇಕು. ಗಡಿಗ್ಯಾಗ ಕೈ ಹಾಕಿ ಬೆಲ್ಲಾ ಬಾಯಾಗ ಇಟಗೊಂಡ್ನಿ. ಈ ಹುಡುಗಿಗೆ ಯಾರ ಹೇಳಿದ್ರೋ ಏನೋ. ನಾ ಅಂತೂ ಯಾರಿಗೂ ಹೇಳಿಲ್ಲ.’

ಎದುರು ಮನೆಯ ಸೊಸೆ ಬಾಯಿ ಮುಚ್ಚಿಕೊಂಡಳು. ನಾನು ಬಾಗಿಲು ಬಿಟ್ಟು ಒಳಗೆ ಬಂದು ಬಾಯವ್ವನ ಪಕ್ಕ ಕೂತೆ.

‘ನಂದೂ ಹೌದು,’ ಎಂದೆ.

ಬಾಯವ್ವ ನನ್ನನ್ನು ಮೇಲಿಂದ ಕೆಳಗೆ ನೋಡಿದಳು. ‘ನೀ ಏನ ತಿಂದಿ?’

‘ರೊಟ್ಟಿ.’

‘ಮೆತ್ತಂದೋ ಖಡಕ್ಕೋ?’

‘ಖಡಕ್ಕು.’

‘ಅಯ್ಯ ಹುಚ್ಚಿ. ಮಂದಿ ತುಂಬಿದ ಮನ್ಯಾಗ ಖಡಕ್ ರೊಟ್ಟಿ? ಸಪ್ಪಳ ಆಗೂದಿಲ್ಲೇನ?’

‘ಆತು,’ ಎಂದೆ. ‘ಅದಕ್ಕ ಮಾಲಾ ಅತ್ತಳು.’

ಬಾಯವ್ವನ ಮುಖದ ಮೇಲೆ ಏನೋ ನಿಧಾನವಾಗಿ ಸರಿದು ತನ್ನ ಜಾಗಕ್ಕೆ ಬಂದು ಕೂತಿತು. ಅವಳು ಅಪ್ಪನನ್ನು ನೋಡಿದಳು, ಅವ್ವನನ್ನು ನೋಡಿದಳು. ಅಪ್ಪ ಎರಡು ಬೆರಳನ್ನು ಒಂದಕ್ಕೊಂದು ತಿಕ್ಕುತ್ತ ಕೂತಿದ್ದರು, ನಡುವೆ ಹತ್ತಿಯ ಎಳೆ ಇದ್ದ ಹಾಗೆ.

‘ಅಷ್ಟ ಜೋರ ಅತ್ತಳಲ್ಲ,’ ಎಂದಳು ಬಾಯವ್ವ ಕೊನೆಗೆ. ‘ಎಷ್ಟ ತಿಂದ್ಯೋ ಮಾರಾಯ್ತಿ.’

ಜಾಹೀರಾತಿನ ಸದ್ದನ್ನು ಯಾರೋ ಕಡಿಮೆ ಮಾಡಿದರು. ಅವ್ವ ನನ್ನ ಫೋನನ್ನು ತಂದು ಬಾಯವ್ವನ ಕೈಯಲ್ಲಿಟ್ಟಳು. ‘ಮಾಲಾಗ ಹಚ್ಚಿ ಕೊಡು,’ ಎಂದು ಬಾಯವ್ವ ಅದನ್ನು ನನ್ನ ಕಡೆ ಚಾಚಿದಳು. ‘ನಾ ಆಕಿ ಜೋಡಿ ಮಾತಾಡಬೇಕು.’